ವಹಾಕಾ ಮಾರ್ಕೆಟ್‌ನಲ್ಲಿ ನಮ್ಮದೇ ಹಂಚು

ಮೆಕ್ಸಿಕೋದ ವಹಾಕಾ ಊರಿನ ಮಾರ್ಕೆಟ್‌ನಲ್ಲಿ ಸಸ್ಯಾಹಾರಿ ಫುಡ್ ಟೂರ್, ಮೂರನೇ ಸಲಕ್ಕೆ ಕೈಗೂಡಿತು. ಮೊದಲೆರಡು ಸಲ ಸುರಿದ ದುಡ್ಡು ನೆನೆಸಿಕೊಂಡರೆ ಈಗಲೂ ಹೊಟ್ಟೆ ಉರಿಯುತ್ತದೆ. ಆದರೂ ಬರೆಯುತ್ತಿದ್ದೇನೆ, ಯಾಕಂದ್ರೆ ಈ ಪ್ಲಾನ್ ಹೇಳಿದಾಗ ಹ್ಯೂಸ್ಟನ್‌ನ ನಮ್ಮ ಕನ್ನಡದ ಗೆಳತಿಯರೆಲ್ಲ ಬಿದ್ದು ಬಿದ್ದು ನಕ್ಕಿದ್ದರು. "ಮೆಕ್ಸಿಕೋ ಸಂತೇಲಿ ಸಸ್ಯಾಹಾರಿ ಫುಡ್ ಟೂರಾ? ಹೋಗಿ ಬಾಳೆಹಣ್ಣು ತಿಂದು ಬನ್ನಿ" ಅಂದಿದ್ದರು. ನಮ್ಮ ಮನೆಯವರು ನಗಲಿಲ್ಲ. ಕ್ರೆಡಿಟ್ ಕಾರ್ಡ್ ಬಿಲ್ ತೋರಿಸಿದರು, ಅಷ್ಟೆ.

ವೀಸಾ, ವಿಮಾನ, ಕುಡಿಯುವ ನೀರು, ಎಟಿಎಂ, ಇದೆಲ್ಲ ಆ ಕಡೆ ಓಡಾಡಿದವರಿಗೆ ಗೊತ್ತೇ ಇದೆ. ಬಿಟ್ಟುಬಿಡುತ್ತೇನೆ. ತಿನ್ನುವುದರ ಬಗ್ಗೆ ಮಾತ್ರ ಹೇಳುತ್ತೇನೆ.

ಮೊದಲ ಸಲ ಹೋಗಿದ್ದು ಜುಲೈನಲ್ಲಿ. ಅದೇ ದೊಡ್ಡ ತಪ್ಪು. ಜುಲೈನಲ್ಲಿ ವಹಾಕಾ ಊರಲ್ಲಿ ಗೆಲಗೆಟ್ಸಾ ಹಬ್ಬ. ರೂಮು ಸಿಗಲ್ಲ, ಸಿಕ್ಕರೆ ದರ ಎರಡು ಪಟ್ಟು. ಆನ್‌ಲೈನ್‌ನಲ್ಲಿ ಒಂದು ಗ್ರೂಪ್ ಟೂರ್ ಬುಕ್ ಮಾಡಿದ್ದೆ. ಒಬ್ಬರಿಗೆ 85 ಡಾಲರ್, ಇಬ್ಬರಿಗೆ 170. ಫಾರ್ಮ್‌ನಲ್ಲಿ ಸಸ್ಯಾಹಾರಿ ಅಂತ ಟಿಕ್ ಹಾಕಲು ಒಂದು ಚೌಕ ಇತ್ತು. ಹಾಕಿದೆ. ಗೈಡ್ "ನೋ ಪ್ರಾಬ್ಲೆಮ್" ಅಂದ. ಹನ್ನೊಂದೋ ಹನ್ನೆರಡೋ ಕಡೆ ನಿಲ್ಲಿಸಿದ. ನಾವು ತಿಂದಿದ್ದು ಇಷ್ಟು: ಒಂದು ಪೇರಲ ಹಣ್ಣು, ಅರ್ಧ ಬನ್ನು, ಒಂದು ಲೋಟ ಚಾಕಲೇಟ್. ಉಳಿದ ಹತ್ತು ಮಂದಿ ತಿನ್ನುವುದನ್ನು ನಿಂತು ನೋಡಿದೆವು. ಒಬ್ಬ ಅಜ್ಜ ಪಾಪ ಅಂತ ತನ್ನ ಪಾಲಿನ ಬಾಳೆಹಣ್ಣನ್ನೂ ಕೊಟ್ಟ.

ಒಂದು ಕಡೆ ಮೆಮೆಲಾ ಕೊಟ್ಟರು. ದಪ್ಪಗಿನ ಸಣ್ಣ ರೊಟ್ಟಿ, ಮೇಲೆ ಕಪ್ಪು ಬೀನ್ಸ್ ಕಾಳಿನ ಪೇಸ್ಟು, ಬಿಳಿ ಚೀಸ್. ಮಾಂಸ ಇಲ್ಲ ಅಲ್ವಾ ಅಂತ ಕೇಳಿದೆ. ಇಲ್ಲ ಅಂದರು. ಎರಡು ತುತ್ತು ತಿಂದ ಮೇಲೆ ನೋಡ್ತೀನಿ, ರೊಟ್ಟಿಗೂ ಬೀನ್ಸ್‌ಗೂ ನಡುವೆ ಕಂದು ಬಣ್ಣದ ಎಂಥದೋ ಸವರಿದ್ದಾರೆ. ಅದರ ಹೆಸರು ಅಸಿಯೆಂತೊ. ಹಂದಿ ಕೊಬ್ಬು ಕಾಯಿಸಿದಾಗ ತಳದಲ್ಲಿ ನಿಲ್ಲುವ ಗಸಿ. ಅವರು ಸುಳ್ಳು ಹೇಳಿರಲಿಲ್ಲ. ಅವರ ಪಾಲಿಗೆ 'ಕಾರ್ನೆ' ಅಂದರೆ ಮಾಂಸದ ತುಂಡು. ಕೊಬ್ಬು ಮಾಂಸ ಅಲ್ಲ, ಅದು ಎಣ್ಣೆಯ ಲೆಕ್ಕ. ಎಷ್ಟೋ ಕಡೆ ಕೋಳಿಯೂ ಕಾರ್ನೆ ಅಲ್ಲ. ನಮ್ಮಲ್ಲಿ ಮೊಟ್ಟೆ ವೆಜ್ಜೋ ನಾನ್‌ವೆಜ್ಜೋ ಅಂತ ಜಗಳ ಆಡಲ್ವಾ, ಹಾಗೇ.

ಎರಡನೇ ಸಲ ಗೈಡ್ ಬೇಡ ಅಂದುಕೊಂಡೆ. ಸ್ಪ್ಯಾನಿಷ್‌ನಲ್ಲಿ ಒಂದು ಚೀಟಿ ಬರೆಸಿಕೊಂಡೆ. ಮಾಂಸ ಬೇಡ, ಕೋಳಿ ಬೇಡ, ಮೀನು ಬೇಡ, 'ಸಿನ್ ಮಂತೇಕಾ', 'ಸಿನ್ ಕಾಲ್ದೊ ದೆ ಪೊಯೊ'. ಅಂದ್ರೆ ಹಂದಿ ಕೊಬ್ಬು ಬೇಡ, ಕೋಳಿ ಸಾರು ಬೇಡ. ಲ್ಯಾಮಿನೇಟ್ ಕೂಡ ಮಾಡಿಸಿದ್ದೆ. ಚೀಟಿ ತೋರಿಸಿದರೆ ಎಲ್ಲರೂ ಓದಿದರು. ಎಲ್ಲರೂ "ಸೀ, ಸೀ" ಅಂದರು. ಮನೆಗೆ ಬಂದವರಿಗೆ ಇಲ್ಲ ಅನ್ನಬಾರದು ಅನ್ನುವ ಜನ ಅವರು. ಅನ್ನ ತಂದುಕೊಟ್ಟರು. ಕೆಂಪಗೆ, ಘಮ್ಮಂತ ಇತ್ತು. ಕೋಳಿ ಸಾರಲ್ಲೇ ಬೇಯಿಸಿದ್ದು. ಬೆಳಗ್ಗೆ ಐದಕ್ಕೇ ಮಾಡಿಟ್ಟ ಅನ್ನ, ನನ್ನ ಚೀಟಿ ನೋಡಿ ಅವರಾದರೂ ಏನು ಮಾಡುತ್ತಾರೆ ಹೇಳಿ.

ಅವತ್ತೇ ಇನ್ನೊಂದು ಕಥೆ ಆಯಿತು. ಮೆಸ್ಕಾಲ್ ಅನ್ನುವ ಅಲ್ಲಿಯ ಮದ್ಯದ ಅಂಗಡಿಯಲ್ಲಿ ರುಚಿ ನೋಡಲು ಕೊಡುತ್ತಾರಲ್ಲ, ಜೊತೆಗೆ ಕಿತ್ತಳೆ ಹಣ್ಣಿನ ಬಿಲ್ಲೆ, ಮೇಲೆ ಕೆಂಪು ಉಪ್ಪು. ನಮ್ಮ ಮನೆಯವರು ಮೆಸ್ಕಾಲ್ ಮುಟ್ಟಲಿಲ್ಲ. ಕಿತ್ತಳೆ ಮಾತ್ರ ಮೂರು ಬಿಲ್ಲೆ ತಿಂದರು. "ಈ ಉಪ್ಪು ಭಾರಿ ಚಲೋ ಐತಿ, ಮಾವಿನಕಾಯಿಗೆ ಹಚ್ಚಿದ್ರ ಹೆಂಗ ಇರ್ತದ ನೋಡು" ಅಂತ ಒಂದು ಪ್ಯಾಕೆಟ್ ಕೈಗೆ ತಗೊಂಡರು. ಪ್ಯಾಕೆಟ್ ಮೇಲೆ 'ಸಾಲ್ ದೆ ಗುಸಾನೊ' ಅಂತ ಇತ್ತು. ಫೋನಲ್ಲಿ ಗುಸಾನೊ ಅಂದ್ರೆ ಏನು ಅಂತ ನೋಡಿದರು. ಹುಳ. ಭೂತಾಳೆ ಗಿಡದಲ್ಲಿ ಆಗುವ ಹುಳ ಒಣಗಿಸಿ, ಮೆಣಸಿನಕಾಯಿ ಜೊತೆ ಅರೆದ ಉಪ್ಪು ಅದು. ಸಂಜೆವರೆಗೂ ಮಾತೇ ಆಡಲಿಲ್ಲ. ಆ ಪ್ರವಾಸಕ್ಕೆ ಮಾರ್ಕೆಟ್ ತಿಂಡಿ, ಟ್ಯಾಕ್ಸಿ ಎಲ್ಲ ಸೇರಿ ಎರಡು ಸಾವಿರ ಪೆಸೊ ಚಿಲ್ಲರೆ ಹೋಯಿತು. ರಾತ್ರಿ ಹೋಟೆಲ್ ರೂಮಲ್ಲಿ ಚುರುಮುರಿ ತಿಂದು ಮಲಗಿದೆವು.

ಆದರೆ ಆ ಸಲವೇ ತಲೆಗೆ ಹೊಳೆದಿದ್ದು. ಅದೂ ಮಾಂಸದ ಓಣಿಯಲ್ಲಿ!

ವಹಾಕಾ ಊರ ಮಧ್ಯದಲ್ಲಿ ಎರಡು ಮಾರ್ಕೆಟ್ ಅಕ್ಕಪಕ್ಕ ಇವೆ. ಒಂದು ಬೆನಿತೊ ಹುವಾರೆಸ್ ಮಾರ್ಕೆಟ್, ಒಂದು 20 ದೆ ನೊವಿಯೆಂಬ್ರೆ ಮಾರ್ಕೆಟ್. ನಡುವೆ ಒಂದೇ ರಸ್ತೆ. ಈ ಎರಡನೆಯದಕ್ಕೆ ಹೆಸರು ಬಂದಿದ್ದು 1910ರ ನವೆಂಬರ್ 20ರಿಂದ, ಅವರ ಕ್ರಾಂತಿ ಶುರುವಾದ ದಿನ. ಮೊದಲನೆಯದರಲ್ಲಿ ಸೊಪ್ಪು, ಹಣ್ಣು, ಮೆಣಸಿನಕಾಯಿ, ಚೀಸ್, ಚೀಲ, ಚಪ್ಪಲಿ. ಎರಡನೆಯದರಲ್ಲಿ ಊಟ. ಅದರಲ್ಲೇ ಒಂದು ಉದ್ದನೆಯ ಓಣಿ, ಹೊಗೆಯ ಓಣಿ ಅಂತಲೇ ಕರೆಯುತ್ತಾರೆ. ಎರಡೂ ಕಡೆ ಇದ್ದಿಲಿನ ಒಲೆ. ಮೂಗು ಮುಚ್ಚಿಕೊಂಡು ಓಡಿಬಿಡೋಣ ಅಂದುಕೊಂಡಿದ್ದೆ. ಜನ ಜಾಸ್ತಿ ಇದ್ದು ಸಿಕ್ಕಿಹಾಕಿಕೊಂಡೆ. ನಿಂತು ನೋಡಿದೆ. ಗಿರಾಕಿ ಬರುತ್ತಾನೆ. ಒಂದು ಅಂಗಡಿಯಲ್ಲಿ ಮಾಂಸ ತೂಗಿಸಿ ಕೊಳ್ಳುತ್ತಾನೆ, ಅವರು ಅಲ್ಲೇ ಸುಡುತ್ತಾರೆ. ಈರುಳ್ಳಿ, ಪಾಪಸುಕಳ್ಳಿ, ಹಸಿಮೆಣಸಿನಕಾಯಿ ಇನ್ನೊಬ್ಬ ಹೆಂಗಸಿನ ಹತ್ತಿರ. ರೊಟ್ಟಿ ಮತ್ತೊಬ್ಬಳ ಬುಟ್ಟಿಯಿಂದ. ಒಬ್ಬೊಬ್ಬರಿಗೂ ಬೇರೆ ಬೇರೆ ದುಡ್ಡು.

ಅಂದ್ರೆ ಸಾಮಾನು ನಮ್ಮದು, ಒಲೆ ಅವರದು. ಈ ಪದ್ಧತಿ ಆ ಮಾರ್ಕೆಟ್‌ನಲ್ಲಿ ಆಗಲೇ ಇದೆ. ನಾನು ಎರಡು ಸಲವೂ ಮಾಡಿಟ್ಟ ಅಡುಗೆಯಲ್ಲಿ ಏನು ತೆಗೆಯಬೇಕು ಅಂತ ಒದ್ದಾಡಿದ್ದೆ. ಮಾಡದೇ ಇರುವ ಅಡುಗೆಯಿಂದ ಶುರು ಮಾಡಿದರೆ ತೆಗೆಯೋದಕ್ಕೆ ಏನಿರುತ್ತೆ?

ಮೂರು ಟೂರ್ ಕಂಪನಿಗಳಿಗೆ ಬರೆದೆ. ಮೊದಲು ಸೊಪ್ಪು ತರಕಾರಿ ಕೊಳ್ಳೋಣ, ಆಮೇಲೆ ಒಬ್ಬರು ಅಡುಗೆಯವರ ಹತ್ತಿರ ಮಾಡಿಸೋಣ ಅಂತ. ಒಬ್ಬರು ಉತ್ತರ ಕೊಡಲಿಲ್ಲ. ಒಬ್ಬರು ಕುಕಿಂಗ್ ಕ್ಲಾಸ್‌ಗೆ ಹೋಗಿ ಅಂದರು, ಒಬ್ಬರಿಗೆ 110 ಡಾಲರ್. ಮೂರನೆಯವರು "ಮಾರ್ಕೆಟ್‌ನಲ್ಲಿ ಹಾಗೆ ಯಾರೂ ಒಪ್ಪಲ್ಲ" ಅಂದರು. ಕಡೆಗೆ ಸಿಕ್ಕಿದ್ದು ಸ್ವಂತವಾಗಿ ಗೈಡ್ ಕೆಲಸ ಮಾಡುವ ಒಬ್ಬ ಹುಡುಗಿ. ಅವಳ ತಾಯಿ ವಹಾಕಾ ಕಣಿವೆಯ ಹಳ್ಳಿಯವರು. ಸ್ಪ್ಯಾನಿಷ್ ಜೊತೆಗೆ ಅಲ್ಲಿಯ ಮೂಲ ಜನರ ಭಾಷೆ ಸಪೊಟೆಕ್ ಮಾತಾಡುತ್ತಾಳೆ. ಹಳ್ಳಿಯಿಂದ ಬಂದು ಕೂತ ಹೆಂಗಸರ ಹತ್ತಿರ ಸಪೊಟೆಕ್ ಬಾಯಿ ಬಿಟ್ಟಳು ಅಂದರೆ ರೇಟೂ ಇಳಿಯುತ್ತದೆ, ಮುಖವೂ ಅರಳುತ್ತದೆ. ಅವಳು ಹೇಗೆ ಸಿಕ್ಕಳು ಅಂತ ಇಲ್ಲಿ ಬರೆಯಲ್ಲ. ಈಗಲೇ ಅವಳ ಡೈರಿ ತುಂಬಿದೆ.

ಈ ಸಲ ಹೋಗಿದ್ದು ಆಗಸ್ಟ್ ಕೊನೆಯಲ್ಲಿ. ಹಬ್ಬದ ಗದ್ದಲ ಮುಗಿದಿರುತ್ತದೆ, ಮಳೆಗಾಲ ನಡೆಯುತ್ತಿರುತ್ತದೆ. ಕುಂಬಳದ ಹೂವು, ಸೊಪ್ಪು, ಅಣಬೆ ಎಲ್ಲ ರಾಶಿ ರಾಶಿ. ಏಳು ಜನ ಇದ್ದೆವು. ನಾವಿಬ್ಬರು, ರಾಣೆಬೆನ್ನೂರಿನಿಂದ ಬಂದಿದ್ದ ಅತ್ತಿ ಮತ್ತು ಮಾವ, ಮೈಸೂರಿನ ಕಡೆಯ ಸ್ನೇಹಿತ ದಂಪತಿ, ಅವರ ಹನ್ನೆರಡು ವರ್ಷದ ಮಗಳು. ಮಾವ ಮೊಟ್ಟೆ ಸಹ ತಿನ್ನಲ್ಲ. ಮಗಳು ಏನು ಕೊಟ್ಟರೂ ತಿನ್ನುತ್ತಾಳೆ. ಉಳಿದವರು ಇದರ ನಡುವೆ.

ನಿಜವಾದ ಕೆಲಸ ನಡೆದಿದ್ದು ಟೂರಿನ ಹಿಂದಿನ ದಿನ. ಅವತ್ತು ಮಂಗಳವಾರ. ಬೇರೆಯವರನ್ನೆಲ್ಲ ಮೊಂತೆ ಆಲ್ಬಾನ್ ಅನ್ನುವ ಹಳೇ ಕಾಲದ ಪಾಳು ಊರು ನೋಡಲು ಕಳಿಸಿದೆ. ನಾನು ಮತ್ತು ಗೈಡ್ ಇಬ್ಬರೇ ಮಾರ್ಕೆಟ್‌ಗೆ ಹೋದೆವು. ಅವಳಿಗೆ ಎರಡು ತಾಸಿಗೆ 1,200 ಪೆಸೊ. ತಿನ್ನುವುದು ಏನೂ ಇಲ್ಲ, ಸುಮ್ನೆ ಓಡಾಟ. ನಮ್ಮ ಮನೆಯವರಿಗೆ ಈ ಖರ್ಚು ಅರ್ಥವೇ ಆಗಲಿಲ್ಲ.

ಅಡುಗೆಯವರನ್ನು ಗೈಡ್ ಆಗಲೇ ಮಾತಾಡಿಸಿ ಇಟ್ಟಿದ್ದಳು. ಐವತ್ತು ದಾಟಿದ ಹೆಂಗಸು, ಚೌಕಳಿ ಏಪ್ರನ್ನು, ಎರಡು ಒಲೆ, ಎಂಟು ಜನ ಕೂರುವ ಒಂದು ಬೆಂಚು. ಯಾವ ಮಾರ್ಕೆಟ್, ಯಾವ ಸಾಲು, ಅದೂ ಹೇಳಲ್ಲ. ಆಕೆ ಎಲ್ಲಕ್ಕೂ ಹೂಂ ಅಂದರು. ನನಗೆ ಈಗ ಆ ಹೂಂ ಮೇಲೆ ನಂಬಿಕೆ ಇಲ್ಲವಲ್ಲ, ಆಕೆಯ ಹಂಚು ನೋಡಿದೆ. ಮಣ್ಣಿನ ಹಂಚು, ಕೊಮಾಲ್ ಅನ್ನುತ್ತಾರೆ. ಮಿರಮಿರ ಮಿಂಚುತ್ತಿತ್ತು. ಹತ್ತು ವರ್ಷದ ಅಸಿಯೆಂತೊ ಕುಡಿದಿದೆ ಆ ಹಂಚು. ಅದನ್ನು ಎಷ್ಟು ಒರೆಸಿದರೂ ಅಷ್ಟೇ.

ಆಗ ಮಾಡಿದ ಕೆಲಸವೇ ಇಡೀ ಯೋಜನೆಯ ಜೀವ. ಪಾತ್ರೆ ಸಾಲಿಗೆ ಹೋಗಿ ಹೊಸ ಮಣ್ಣಿನ ಹಂಚು ತಂದೆ. ಮೊರದಷ್ಟು ಅಗಲ, 120 ಪೆಸೊ. ಹತ್ತು ಪೆಸೊಗೆ ಸುಣ್ಣ. ತಂದು ಆಕೆಯ ಮುಂದೆ ಇಟ್ಟೆ. ಗೈಡ್ ಏನೋ ಹೇಳಿದಳು. ಆಕೆ ಹಂಚನ್ನು ಎತ್ತಿ ಬೆರಳಿನ ಗಂಟಿನಿಂದ ಕುಟ್ಟಿ ಕಿವಿಗೆ ಹಿಡಿದರು. ಠಣ್ ಅಂತು. ಸರಿ ಅನ್ನುವಂತೆ ತಲೆ ಆಡಿಸಿದರು. ಸುಣ್ಣವನ್ನು ನೀರಲ್ಲಿ ಕಲಸಿ ಹಂಚಿನ ಮೇಲೆ ಬಟ್ಟೆಯಿಂದ ಬಳಿದು, ಸಣ್ಣ ಬೆಂಕಿಯ ಮೇಲೆ ನಿಧಾನವಾಗಿ ಕಾಯಿಸಿದರು. ಒಣಗಿದ ಮೇಲೆ ಇನ್ನೊಂದು ಸಲ. ಹಾಗೆ ಪಳಗಿಸದಿದ್ದರೆ ರೊಟ್ಟಿ ಅಂಟಿಕೊಳ್ಳುತ್ತದೆ, ಹಂಚು ಸೀಳುತ್ತದೆ. ಅದಕ್ಕೆ ಒಂದು ದಿನ ಮುಂಚೆ ಹೋಗಬೇಕು ಅಂದಿದ್ದು. ಟೂರಿನ ದಿನ ಬೆಳಗ್ಗೆ ಹಂಚು ತಂದುಕೊಟ್ಟರೆ ಪ್ರಯೋಜನ ಇಲ್ಲ.

ಕಪ್ಪು ಬೀನ್ಸ್ ಕೂಡ ಅವತ್ತೇ ಕೊಂಡು ಕೊಟ್ಟೆ. ರಾತ್ರಿ ಬೇಯಿಸಿ ತನ್ನಿ, ಉಪ್ಪು, ಬೆಣ್ಣೆಹಣ್ಣಿನ ಎಲೆ ಮಾತ್ರ ಹಾಕಿ ಅಂತ. ಆಕೆಗೆ 700 ಪೆಸೊ ಕೊಡೋಣ ಅಂದುಕೊಂಡಿದ್ದೆ. ಗೈಡ್ ನನ್ನ ಕೈ ಹಿಡಿದು ಪಕ್ಕಕ್ಕೆ ಕರೆದಳು. ಎರಡು ತಾಸು ಬೆಂಚು ತುಂಬ ನೀವೇ ಕೂರುತ್ತೀರಿ, ಆಕೆಯ ಬೇರೆ ಗಿರಾಕಿ ಹೋಗುತ್ತಾರೆ, ಸಾವಿರ ಕೊಡಿ ಅಂದಳು. ಕೊಟ್ಟೆ. ಅರ್ಧ ಮುಂಗಡ. ಹನ್ನೊಂದೂವರೆಗೆ ಬರುತ್ತೇವೆ ಅಂದೆ. ಆ ಹೊತ್ತು ಮುಖ್ಯ. ಹತ್ತರ ಸುಮಾರಿಗೆ ಅಲ್ಲಿಯವರ ಭಾರಿ ನಾಷ್ಟಾ, ಎರಡು ಗಂಟೆ ಮೇಲೆ ಮಧ್ಯಾಹ್ನದ ಊಟ. ನಡುವೆ ಒಲೆ ಖಾಲಿ ಇರುತ್ತದೆ.

ಬುಧವಾರ ಒಂಬತ್ತಕ್ಕೆ ಶುರು. ಬೆನಿತೊ ಹುವಾರೆಸ್ ಮಾರ್ಕೆಟ್‌ನ ಸೊಪ್ಪಿನ ಸಾಲು. ಇಲ್ಲಿಂದ ಮುಂದೆ ಗೈಡ್ ಯಾರು, ಅತ್ತಿ ಯಾರು ಅಂತ ಗೊತ್ತಾಗಲಿಲ್ಲ. ಅತ್ತಿ ಬುಟ್ಟಿ ಬುಟ್ಟಿಗೂ ಬಗ್ಗಿ ನೋಡಿದರು. "ಇದು ರಾಜಗಿರಿ ಸೊಪ್ಪು ಐತಲ್ಲ! ಇದು ಗೋಣಿ ಸೊಪ್ಪು! ನಮ್ಮ ಹೊಲದಾಗ ಕಳೆ ಅಂತ ಕಿತ್ತು ಒಗಿತೀವಿ, ಇಲ್ಲಿ ಸೂಡು ಕಟ್ಟಿ ಇಟ್ಟಾರ." ಗೈಡ್‌ಗೆ ಅನುವಾದ ಮಾಡಿ ಹೇಳಿದೆ. ಅವರಲ್ಲಿ ಅವು ಕಿಂತೊನಿಲ್, ವೆರ್ದೊಲಾಗಾ. ಹೊಲದಲ್ಲಿ ತಾನೇ ಹುಟ್ಟುವ ಇಂಥ ಸೊಪ್ಪುಗಳಿಗೆಲ್ಲ ಸೇರಿ ಕೆಲಿತೆ ಅಂತ ಒಂದು ಹೆಸರೂ ಇದೆ. ಪಾಪಸುಕಳ್ಳಿಯ ಎಲೆ, ಅಂದರೆ ನೊಪಾಲ್, ಒಬ್ಬಾಕೆ ಚಾಕುವಿನಿಂದ ಮುಳ್ಳು ಹೆರೆಯುತ್ತಾ ಕೂತಿದ್ದರು. ಕಣ್ಣು ಈ ಕಡೆ, ಮಾತು ಆ ಕಡೆ, ಕೈ ಮಾತ್ರ ತಪ್ಪುತ್ತಿರಲಿಲ್ಲ. ಇಪ್ಪತ್ತು ಪೆಸೊಗೆ ಎಂಟು ಎಲೆ. ದುಡ್ಡು ಕೊಟ್ಟ ಮೇಲೆ ಇನ್ನೆರಡು ಎಲೆ ಮೇಲೆ ಹಾಕಿದರು. ಅದಕ್ಕೆ ಪಿಲೋನ್ ಅನ್ನುತ್ತಾರೆ. ಅತ್ತಿಗೆ ಹೇಳಿಕೊಡಬೇಕಾಗಲಿಲ್ಲ. "ಕೊಸರು!" ಅಂತ ಕೈ ಮುಂದೆ ಮಾಡಿದರು. ಆಮೇಲೆ ಪ್ರತಿ ಅಂಗಡಿಯಲ್ಲೂ ಅತ್ತಿ ಕೊಸರು ಕೇಳಿದರು, ಕನ್ನಡದಲ್ಲೇ. ಸಿಕ್ಕಿತು ಕೂಡ.

ಅಲ್ಲಿ ವ್ಯಾಪಾರಿಯೂ ಗಿರಾಕಿಯೂ ಒಬ್ಬರನ್ನೊಬ್ಬರು ಮಾರ್ಚಾಂತಾ ಅಂತ ಕರೆಯುತ್ತಾರೆ, ಗಂಡಸಾದರೆ ಮಾರ್ಚಾಂತೆ. ಕೊಳ್ಳುವವರಿಗೂ ಮಾರುವವರಿಗೂ ಒಂದೇ ಹೆಸರು. ಈ ಒಂದು ಶಬ್ದ ಬಾಯಿಗೆ ಬಂದರೆ ಅರ್ಧ ಕೆಲಸ ಆದ ಹಾಗೆ.

ಮಾವನ ಸರದಿ ಬಂದಿದ್ದು ಮೆಕ್ಕೆಜೋಳದ ತೆನೆ ಕಂಡಾಗ. ಕಾಳೆಲ್ಲ ಊದಿಕೊಂಡು ಬೂದು ಬಣ್ಣಕ್ಕೆ ತಿರುಗಿದ ತೆನೆಗಳು. ಬೆರಳಿಂದ ಒತ್ತಿದರೆ ಒಳಗೆ ಕಪ್ಪು. ಹೆಸರು ಹುಯಿತ್ಲಕೋಚೆ. ಮಾವ ಮೂವತ್ತು ವರ್ಷ ಮೆಕ್ಕೆಜೋಳ ಬೆಳೆದವರು. ಕನ್ನಡಕ ಏರಿಸಿ ನೋಡಿದರು. "ಇದು ಕಾಡಿಗಿ ರೋಗ ಅಲ್ಲೇನು? ನಾವು ಕಿತ್ತು ಸುಡತೀವಿ, ಇವರು ತೂಕಾ ಮಾಡಿ ಮಾರಾಕ ಹತ್ಯಾರ!" ರೋಗವೇ ಹೌದು. ಬೂಷ್ಟು ಹಿಡಿದ ತೆನೆ. ಅಲ್ಲಿ ಅದು ಒಳ್ಳೆ ತೆನೆಗಿಂತ ದುಬಾರಿ. ಕಾಲು ಕಿಲೋ ಕೊಂಡೆ. ಮಾವ ದುಡ್ಡು ಕೊಡಲು ಬಿಡಲಿಲ್ಲ, ಹಾಳು ಖರ್ಚು ಅಂತ. ನಾನು ಹಿಂದಿನಿಂದ ಕೊಟ್ಟೆ.

ಇನ್ನೊಂದು ಶಬ್ದ ಕೇಳಿ ಮಾವ ಖುಷಿಪಟ್ಟರು. ಮೆಕ್ಕೆಜೋಳವೋ ಟೊಮೆಟೊವೋ ಕೊಳ್ಳುವಾಗ ಮಾರುವವರು 'ಕ್ರಿಯೊಯೊ' ಅಂತ ಒತ್ತಿ ಹೇಳುತ್ತಿದ್ದರು. ಗೈಡ್ ವಿವರಿಸಲು ಹೊರಟಳು: ಹೈಬ್ರಿಡ್ ಅಲ್ಲ, ಹಿಂದಿನಿಂದ ಬಂದ ಬೀಜ, ಮನೆಯಲ್ಲೇ ಉಳಿಸಿಕೊಂಡಿದ್ದು... ಅವಳು ಮುಗಿಸುವ ಮುಂಚೆ ಮಾವ "ಜವಾರಿ" ಅಂದರು. ಅಷ್ಟೇ ಮಾತು.

ಮಿಡತೆ ರಾಶಿ ದಾಟಬೇಕಿತ್ತು. ಚಪುಲಿನೆಸ್ ಅಂತ, ಬೆಳ್ಳುಳ್ಳಿ, ನಿಂಬೆ, ಖಾರ ಹಾಕಿ ಹುರಿದ ಕೆಂಪು ಮಿಡತೆಗಳು. ರುಚಿ ನೋಡಿ ಅಂತ ಚಮಚ ಚಾಚುತ್ತಾರೆ. ಮೈಸೂರಿನ ಹುಡುಗಿ ಅಪ್ಪನ ಮುಖ ನೋಡಿ ಒಂದು ಬಾಯಿಗೆ ಹಾಕಿಕೊಂಡಳು. ಅವರಮ್ಮ "ನಮ್ಮನೇಲಿ ಹೇಳ್ಬೇಡ ಪುಟ್ಟಿ" ಅಂದರು. ನಾನು ಗುಂಪನ್ನು ಚೀಸ್ ಕಡೆ ತಿರುಗಿಸಿದೆ. ಕೆಸಿಯೊ ಅಂತ, ನೂಲಿನ ಉಂಡೆ ಥರ ಸುತ್ತಿಟ್ಟ ಚೀಸ್. ಎಳೆ ಎಳೆಯಾಗಿ ಬಿಚ್ಚಿ ತಿನ್ನಬಹುದು. ರೆನೆಟ್ (ಚೀಸ್‌ಗೆ ಹಾಲು ಒಡೆಸಲು ಹಾಕುವ, ಕರುವಿನ ಹೊಟ್ಟೆಯಿಂದ ತೆಗೆದ ಪದಾರ್ಥ) ನೋಡುವವರು ಇದನ್ನು ಬಿಡಿ, ಅಲ್ಲಿ ಅದನ್ನು ಕೇಳಿ ಉಪಯೋಗ ಇಲ್ಲ.

ಕಡೆಗೆ ಗಿರಣಿಯಿಂದ ಮಾಸಾ. ಸುಣ್ಣದ ನೀರಲ್ಲಿ ಬೇಯಿಸಿದ ಮೆಕ್ಕೆಜೋಳ ಅರೆದ ಹಿಟ್ಟು. ಇಲ್ಲಿ ಒಂದು ಎಚ್ಚರಿಕೆ: ರೊಟ್ಟಿಯ ಮಾಸಾ ಬೇರೆ, ತಮಾಲೆ ಮಾಸಾ ಬೇರೆ. ತಮಾಲೆಗೆ ಕೊಬ್ಬು ಹಾಕಿ ನಾದಿರುತ್ತಾರೆ, ಸಿಹಿ ತಮಾಲೆಗೂ ಸಾಮಾನ್ಯವಾಗಿ ಅದೇ. ಹೊರಗಿಂದ ನೋಡಿದರೆ ಮೆಣಸಿನಕಾಯಿ ಚೀಸಿನ ತಮಾಲೆ ನಮ್ಮ ಕಡುಬಿನ ಹಾಗೆ ಮುಗ್ಧವಾಗಿ ಕೂತಿರುತ್ತದೆ. ನಂಬಬೇಡಿ.

ಹನ್ನೊಂದೂವರೆಗೆ ಬೆಂಚಿಗೆ ಬಂದು ಚೀಲ ಸುರಿದೆವು. ಎಲ್ಲ ಸೇರಿ 650 ಪೆಸೊ ಆಗಿತ್ತು. ಹೊಸ ಹಂಚು ಬೆಳ್ಳಗೆ, ಸುಣ್ಣ ಬಳಿದ ಗೋಡೆಯ ಹಾಗೆ ಒಲೆ ಮೇಲೆ ಕೂತಿತ್ತು. ಮೊದಲು ಬಂದಿದ್ದು ಕುಂಬಳದ ಹೂವು, ಕೆಸಿಯೊ ತುಂಬಿ ಮಡಚಿದ ರೊಟ್ಟಿ, ಎಂಪನಾದ. ಆಮೇಲೆ ಹುಯಿತ್ಲಕೋಚೆ ತುಂಬಿದ್ದು. ಮಾವ ಮೊದಲು ಬೇಡ ಅಂದರು, ಆಮೇಲೆ ಅರ್ಧ ಕೇಳಿದರು, ಆಮೇಲೆ ಇನ್ನೊಂದು ಐತೇನು ಅಂತ ನೋಡಿದರು. ಸುಟ್ಟ ಕಳ್ಳಿ. ಬೆಂಕಿಯಲ್ಲಿ ಸುಟ್ಟು ಸಿಪ್ಪೆ ತೆಗೆದ ಚಿಲೆ ದೆ ಆಗುವಾ ಮೆಣಸಿನಕಾಯಿ, ಮೇಲೆ ನಿಂಬೆರಸ, ಈರುಳ್ಳಿ. ಬೆಣ್ಣೆಹಣ್ಣಿನ ಎಲೆಯ ಸೋಂಪಿನಂಥ ವಾಸನೆ ಬೀರುತ್ತಿದ್ದ ಬೀನ್ಸ್. ಮೈಸೂರಿನ ಸ್ನೇಹಿತರಿಗೆ ತುಂಬಾ ಹಿಡಿಸಿದ್ದು ಕುಂಬಳ ಕುಡಿಯ ಸಾರು, ಸೋಪಾ ದೆ ಗಿಯಾಸ್. ಕುಡಿ, ಎಲೆ, ಹೂವು, ಎಳೇ ಕಾಯಿ, ಎಳೇ ಮೆಕ್ಕೆಜೋಳ ಎಲ್ಲ ಒಂದೇ ಪಾತ್ರೆಯಲ್ಲಿ. "ಒಗ್ಗರಣೆ ಒಂದಿದ್ದಿದ್ರೆ ನಮ್ಮಜ್ಜಿ ಮಾಡಿದ್ದೇ" ಅಂದರು.

ತ್ಲಾಯುದಾ ಬಂತು. ಎರಡು ಕೈ ಅಗಲದ ಗರಿಗರಿ ರೊಟ್ಟಿ. ಅದರ ಮೇಲೆ ಅಸಿಯೆಂತೊ ಹಚ್ಚುವುದು ಪದ್ಧತಿ. ನಾವು ಬದಲಿಗೆ ಬೆಣ್ಣೆಹಣ್ಣು ಹಚ್ಚಿಸಿದೆವು. ಅತ್ತಿ ಒಂದು ಚೂರು ಮುರಿದರು. ಟಕ್ ಅಂತ ಸದ್ದು. "ಖಡಕ್ ರೊಟ್ಟಿ!" ಅಂದರು. ಅಲ್ಲಿಗೆ ಅವರಿಗೆ ತಡೆಯಲು ಆಗಲಿಲ್ಲ. ಎದ್ದು ಒಲೆ ಹತ್ತಿರ ಹೋದರು. ಕೈ ತೊಳೆದು ಮಾಸಾ ಉಂಡೆ ತಗೊಂಡರು. ಆಕೆ ಪ್ರೆಸ್ ಮಷಿನ್ ತೋರಿಸಿದರು. ಅತ್ತಿ ಬೇಡ ಅಂದು, ಪಕ್ಕದ ಹಲಗೆ ಮೇಲೆ ಜೋಳದ ರೊಟ್ಟಿ ಬಡಿಯುವ ಹಾಗೆ ಬಡಿಯಲು ಶುರು ಮಾಡಿದರು. ಮೊದಲನೆಯದು ಎತ್ತುವಾಗ ಎರಡು ತುಂಡಾಯಿತು. ಮಾಸಾ ಜಾಸ್ತಿ ಒದ್ದೆ, ನಮ್ಮ ಹಿಟ್ಟಿನಷ್ಟು ಕುದಿ ನೀರು ಕಂಡಿಲ್ಲ. ಎರಡನೆಯದಕ್ಕೆ ಹಲಗೆಗೆ ಒಣ ಹಿಟ್ಟು ಕೇಳಿದರು. ಅದು ಅಲ್ಲಿ ಇಲ್ಲ. ನೀರು ಕೈಯಲ್ಲೇ ತಟ್ಟಿದರು. ಮೂರನೆಯದು ಉಬ್ಬಿತು. ಪೂರಿ ಥರ ಉಬ್ಬಿದ ರೊಟ್ಟಿ ನೋಡಿ ಪಕ್ಕದ ಅಂಗಡಿಯವರೂ ಬಂದು ನಿಂತರು. ಆ ಇಬ್ಬರು ಹೆಂಗಸರಿಗೆ ಒಂದೇ ಒಂದು ಶಬ್ದ ಸಾಮಾನ್ಯ ಇರಲಿಲ್ಲ. ಅರ್ಧ ತಾಸು ಮಾತಾಡಿದರು.

ಗಂಟಲಿಗೆ ತೆಹಾತೆ. ಮೆಕ್ಕೆಜೋಳ, ಕಕಾವ್ (ಕೋಕೋ ಬೀಜ), ಮಾಮೆ ಹಣ್ಣಿನ ಬೀಜ, ಒಂದು ಒಣ ಹೂವು, ಇಷ್ಟನ್ನು ಅರೆದು ದೊಡ್ಡ ಮಣ್ಣಿನ ಪಾತ್ರೆಯಲ್ಲಿ ತಣ್ಣೀರು ಹಾಕಿ ಕೈಯಲ್ಲೇ ಕಲಸುತ್ತಾರೆ. ಮೇಲೆ ದಪ್ಪ ನೊರೆ. ನೋಡಲು ಬಟ್ಟೆ ಒಗೆದ ನೀರಿನ ಹಾಗೆ ಇರುತ್ತೆ, ಸುಳ್ಳು ಯಾಕೆ ಹೇಳಲಿ. ಬಣ್ಣ ಬಳಿದ ಸೋರೆ ಬುರುಡೆಯಲ್ಲಿ ಕೊಡುತ್ತಾರೆ. ಮಾವ "ಅಂಬಲಿ ಇದ್ಹಂಗ ಐತಿ, ತಂಪು" ಅಂತ ಎರಡು ಬುರುಡೆ ಕುಡಿದರು.

ಲೆಕ್ಕ ಹೇಳುತ್ತೇನೆ, ನೆನಪಿನಿಂದ. ಗೈಡ್‌ಗೆ ಎರಡು ದಿನ ಸೇರಿ 3,800 ಪೆಸೊ. ಹಂಚು, ಸುಣ್ಣ 130. ಸಾಮಾನು 650. ಅಡುಗೆ 1,000. ತೆಹಾತೆ, ಚಾಕಲೇಟ್, ಐಸು ಇತ್ಯಾದಿ 500. ಟಿಪ್ಸ್ 400. ಆರೂವರೆ ಸಾವಿರದ ಆಸುಪಾಸು. ಒಬ್ಬರಿಗೆ 900 ಚಿಲ್ಲರೆ ಪೆಸೊ, ಅಂದರೆ 50 ಡಾಲರ್. ಪೇರಲ ಹಣ್ಣಿಗೆ 85 ಡಾಲರ್ ಕೊಟ್ಟವಳು ನಾನು. ನಮ್ಮ ಮನೆಯವರು ಬಿಲ್ ನೋಡಿ ಏನೂ ಹೇಳಲಿಲ್ಲ. ಅವರು ಏನೂ ಹೇಳದಿದ್ದರೆ ಮೆಚ್ಚಿಕೊಂಡ ಹಾಗೆ.

ಊಟ ಆದ ಮೇಲೆ ಹತ್ತಿರದ ಮಿನಾ ರಸ್ತೆಗೆ ಹೋದೆವು. ರಸ್ತೆ ತುಂಬ ಚಾಕಲೇಟ್ ಗಿರಣಿಗಳು. ಕಕಾವ್, ಸಕ್ಕರೆ, ಬಾದಾಮಿ, ದಾಲ್ಚಿನ್ನಿ ನಿಮ್ಮ ಅಳತೆಗೆ ತೂಗಿ ಅರೆದುಕೊಡುತ್ತಾರೆ. ಬಿಸಿ ಬಿಸಿ ಕಪ್ಪು ಹಿಟ್ಟು ಕೆಳಗೆ ಇಳಿಯುತ್ತದೆ. ನನ್ನ ಅಳತೆ: ಕಕಾವ್ ಒಂದು ಕಿಲೋ, ಸಕ್ಕರೆ ಮುಕ್ಕಾಲು ಕಿಲೋ, ದಾಲ್ಚಿನ್ನಿ ಒಂದು ಹಿಡಿ. ಸಕ್ಕರೆ ಕಡಿಮೆ ಆಯಿತು ಅಂತ ಹುಡುಗ ಎರಡು ಸಲ ಕೇಳಿದ. ನನ್ನ ಹತ್ತಿರ ಏಲಕ್ಕಿ ಇತ್ತು, ಅದನ್ನೂ ಹಾಕು ಅಂದೆ. ಮೂಸಿ ನೋಡಿ ವಾಪಸ್ ಕೊಟ್ಟ. ಮುಂದಿನ ಗಿರಾಕಿಯ ಚಾಕಲೇಟಿಗೆ ವಾಸನೆ ಹತ್ತುತ್ತೆ ಅಂತ. ನ್ಯಾಯವೇ. ಅಲ್ಲಿ ಚಾಕಲೇಟನ್ನು ಬಿಸಿನೀರಲ್ಲಿ ಹಾಕಿ ಮರದ ಮೊಲಿನಿಯೊದಿಂದ ಕಡೆಯುತ್ತಾರೆ. ಅಂಗೈ ನಡುವೆ ತಿರುಗಿಸುವುದು, ಥೇಟ್ ಕಡಗೋಲು. ಅತ್ತಿ ಒಂದು ಕೊಂಡರು. ಈಗ ರಾಣೆಬೆನ್ನೂರಿನಲ್ಲಿ ಅದರಲ್ಲೇ ಮಜ್ಜಿಗೆ ಕಡೆಯುತ್ತಾರೆ.

ಭಾನುವಾರ ತ್ಲಾಕೊಲುಲಾ ಸಂತೆಗೆ ಗೈಡ್ ಇಲ್ಲದೇ ಹೋದೆವು. ಊರಿಂದ ಮೂವತ್ತು ಕಿಲೋಮೀಟರ್ ಚಿಲ್ಲರೆ. ಆ ಕಣಿವೆಯಲ್ಲಿ ನಮ್ಮ ಹಾಗೇ ವಾರದ ಸಂತೆ: ಬುಧವಾರ ಎತ್ಲಾ, ಗುರುವಾರ ಸಾಚಿಲಾ, ಶುಕ್ರವಾರ ಒಕೊತ್ಲಾನ್, ಭಾನುವಾರ ಇದು. ಕಲಿತಿದ್ದನ್ನು ನಾವೇ ಮಾಡಿ ನೋಡೋಣ ಅಂತ. ಹಂಚಿನ ವಿಷಯದಲ್ಲಿ ಸೋತೆವು, ಮುಂಚೆ ಪಳಗಿಸಿದ್ದು ಇರಲಿಲ್ಲ. ಆದರೆ ಒಬ್ಬಾಕೆ ಇದ್ದಿಲಿನ ಮೇಲೆ ನೇರ ಕಳ್ಳಿ, ಈರುಳ್ಳಿ, ಚೀಸ್ ಸುಟ್ಟುಕೊಟ್ಟರು. ನಾಲ್ಕು ಜನಕ್ಕೆ 180 ಪೆಸೊ. ಪರವಾಗಿಲ್ಲ.

ಸುಣ್ಣ ಬಳಿದ ಹೊಸ ಹಂಚನ್ನು ವಹಾಕಾದ ಆ ಅಡುಗೆಯಾಕೆಗೇ ಬಿಟ್ಟು ಬಂದೆ. ಮತ್ತೊಂದು ಕೊಂಡು ಸೀರೆಯಲ್ಲಿ ಸುತ್ತಿ ಸೂಟ್‌ಕೇಸ್‌ನಲ್ಲಿ ಇಟ್ಟಿದ್ದೆ. ಹ್ಯೂಸ್ಟನ್‌ನಲ್ಲಿ ತೆಗೆದು ನೋಡಿದರೆ ಐದು ಚೂರು. ಸೀರೆ ತುಂಬ ಮಣ್ಣು.

ಡಿಸೆಂಬರ್‌ನಲ್ಲಿ ಊರಿಗೆ ಹೋದಾಗ ಮಾಸಾ ಹುಚ್ಚು ಬಿಟ್ಟಿರಲಿಲ್ಲ. ಮಾವನ ಹೊಲದ್ದೇ ಮೆಕ್ಕೆಜೋಳ, ಎಲೆಯಡಿಕೆಯ ಸುಣ್ಣ. ಮೊದಲ ಸಲ ಅರ್ಧ ಕಿಲೋಗೆ ಮೂರು ಚಮಚ ಸುಣ್ಣ ಹಾಕಿದೆ. ಬಣ್ಣ ಅರಿಶಿನದ ಹಾಗೆ ಬಂತು, ಬಾಯಿಗೆ ಹಾಕಿದರೆ ನಾಲಿಗೆ ಚುರುಚುರು. ಎಮ್ಮೆ ಕೂಡ ಮೂಸಿ ಬಿಟ್ಟಿತು. ಎರಡನೇ ಸಲ ತೂಕ ಮಾಡಿ ಐದೇ ಗ್ರಾಂ. ಮುಕ್ಕಾಲು ತಾಸು ಕುದಿಸಿ ರಾತ್ರಿಯೆಲ್ಲ ಬಿಟ್ಟೆ. ಬೆಳಗ್ಗೆ ಉಜ್ಜಿದರೆ ಸಿಪ್ಪೆ ಬಿಟ್ಟುಕೊಂಡಿತು, ವಾಸನೆಯೂ ಅದೇ ವಹಾಕಾ ವಾಸನೆ. ಮಿಕ್ಸಿಗೆ ಹಾಕಿದೆ, ಮೋಟಾರು ಸುಟ್ಟ ವಾಸನೆ ಬಂತು. ಊರ ಗಿರಣಿಗೆ ಒಯ್ದೆ. ಒದ್ದೆ ಕಾಳು ಹಾಕಿದರೆ ಕಲ್ಲು ಮೆತ್ತಿಕೊಳ್ಳುತ್ತೆ ಅಂತ ಗಿರಣಿಯವ ಚೀಲ ಹೊರಗೆ ಇಟ್ಟ. ಕಡೆಗೆ ಒಳಕಲ್ಲಿನಲ್ಲಿ ಎರಡೂವರೆ ತಾಸು ರುಬ್ಬಿದೆವು, ನಾನು ಮತ್ತು ಅತ್ತಿ ಸರದಿ ಮೇಲೆ. ಹದಿನಾಲ್ಕು ರೊಟ್ಟಿ ಆದವು. ಅದರಲ್ಲಿ ಒಂಬತ್ತು ಉಬ್ಬಿದವು. ಕುಂಬಳದ ಹೂವಿಗೆ ಮಾವನೇ ಹಿತ್ತಲಿಗೆ ಹೋದರು.

ಗಿರಣಿಯವ ಮಾತ್ರ ಈಗಲೂ ನನ್ನನ್ನು ಕಂಡರೆ ಮೊದಲು ಚೀಲಕ್ಕೆ ಕೈ ಹಾಕಿ ನೋಡುತ್ತಾನೆ, ಕಾಳು ಒಣಗಿದೆಯೋ ಇಲ್ಲವೋ ಅಂತ.